ಹೋಗಿ ನೋಡಿ, ಕಂಡಷ್ಟನ್ನೇ ಹೇಳು: ರೇಡಿಯೋ ವರದಿಗಾರ ಎಡ್ವರ್ಡ್ ಮರ್ರೋ ಕಥೆ

1938ರ ಮಾರ್ಚ್ ತಿಂಗಳು. ಜರ್ಮನಿಯ ಬರ್ಲಿನ್‌ನಿಂದ ಆಸ್ಟ್ರಿಯಾ ದೇಶದ ವಿಯೆನ್ನಾಕ್ಕೆ ಒಂದು ವಿಮಾನ ಹೊರಟಿತು. ಅದರಲ್ಲಿ 27 ಸೀಟುಗಳಿದ್ದವು. ಕೂತಿದ್ದವರು ಒಬ್ಬರೇ. ಟಿಕೆಟ್ ಸಿಗದ್ದಕ್ಕೆ ಇಡೀ ವಿಮಾನವನ್ನೇ 1000 ಡಾಲರ್ ಕೊಟ್ಟು ಬಾಡಿಗೆಗೆ ಹಿಡಿದಿದ್ದರು. ಅವರಿಗೆ ಆಗ 29 ವರ್ಷ. ಅಮೆರಿಕದ ಸಿಬಿಎಸ್ ಎಂಬ ರೇಡಿಯೋ ಕಂಪನಿಯ ನೌಕರ. ತಮಾಷೆ ಅಂದರೆ, ಸುದ್ದಿ ವರದಿ ಮಾಡುವುದು ಅವರ ಕೆಲಸವೇ ಆಗಿರಲಿಲ್ಲ. ರೇಡಿಯೋದಲ್ಲಿ ಮಾತಾಡಲು ಬೇರೆಯವರನ್ನು ಹುಡುಕಿ ತರುವುದಷ್ಟೇ ಅವರ ಕೆಲಸ.

ಹಿಟ್ಲರನ ಸೈನ್ಯ ಆಸ್ಟ್ರಿಯಾದೊಳಗೆ ನುಗ್ಗಿತ್ತು. ಅಲ್ಲಿ ಏನಾಗುತ್ತಿದೆ ಎಂದು ಹೇಳಲು ಯಾರಾದರೂ ಅಲ್ಲಿ ಇರಬೇಕಿತ್ತು. ಆದ್ದರಿಂದ ಆ ಮನುಷ್ಯ ಹೋದರು, ನೋಡಿದರು, ಮೈಕಿನ ಮುಂದೆ ಕೂತು ಕಂಡದ್ದನ್ನು ಹೇಳಿದರು. ಅವರ ಹೆಸರು ಎಡ್ವರ್ಡ್ ಆರ್. ಮರ್ರೋ.

ನಾವು ಪತ್ರಿಕೋದ್ಯಮ ಓದುವಾಗ ಈ ಹೆಸರು ಒಂದೆರಡು ಸಾಲಿನಲ್ಲಿ ಮುಗಿದು ಹೋಗುತ್ತಿತ್ತು. 'ಪ್ರಸಾರ ಪತ್ರಿಕೋದ್ಯಮದ ಪಿತಾಮಹ' ಎಂದು ಬರೆದುಕೊಂಡು ಮುಂದಕ್ಕೆ ಹೋಗುತ್ತಿದ್ದೆವು. ಆಮೇಲೆ ಅವರ ಬದುಕನ್ನು ಓದುತ್ತಾ ಹೋದಂತೆ, ಇದು ನಮ್ಮ ಹಳ್ಳಿಯ ಓದುಗರಿಗೆ ಹೇಳಲೇಬೇಕಾದ ಕಥೆ ಅನ್ನಿಸಿತು. ಯಾಕೆ ಅಂತ ಮುಂದೆ ನಿಮಗೇ ಗೊತ್ತಾಗುತ್ತದೆ.

ಹೊಲದ ಮನೆ, ಮರ ಕಡಿಯುವ ಕ್ಯಾಂಪು

ಮರ್ರೋ ಹುಟ್ಟಿದ್ದು 1908ರ ಏಪ್ರಿಲ್ 25ರಂದು, ಅಮೆರಿಕದ ನಾರ್ತ್ ಕೆರೊಲಿನಾ ರಾಜ್ಯದ ಗ್ರೀನ್ಸ್‌ಬರೋ ಹತ್ತಿರದ ಪೋಲ್‌ಕ್ಯಾಟ್ ಕ್ರೀಕ್ ಎಂಬಲ್ಲಿ. ಮರದ ದಿಮ್ಮಿ ಜೋಡಿಸಿ ಕಟ್ಟಿದ ಮನೆ. ಕರೆಂಟಿಲ್ಲ, ನಲ್ಲಿ ನೀರಿಲ್ಲ. ಮೆಕ್ಕೆಜೋಳ ಮತ್ತು ಹುಲ್ಲು ಬೆಳೆಯುವ ಹೊಲ, ಅದರಿಂದ ಬರುತ್ತಿದ್ದ ಆದಾಯ ಅಷ್ಟಕ್ಕಷ್ಟೇ. ಅಪ್ಪ ಅಮ್ಮ ಇಟ್ಟ ಹೆಸರು ಎಗ್ಬರ್ಟ್. ಕಾಲೇಜಿಗೆ ಬಂದ ಮೇಲೆ ಹುಡುಗ ಅದನ್ನು ಎಡ್ವರ್ಡ್ ಎಂದು ಬದಲಾಯಿಸಿಕೊಂಡ.

ಅವನಿಗೆ ಆರು ವರ್ಷ ಇರಬಹುದು, ಕುಟುಂಬ ಊರು ಬಿಟ್ಟಿತು. ದೇಶದ ಒಂದು ಮೂಲೆಯಿಂದ ಇನ್ನೊಂದು ಮೂಲೆಗೆ, ಕೆನಡಾ ಗಡಿಯ ಹತ್ತಿರ ಇರುವ ವಾಷಿಂಗ್ಟನ್ ರಾಜ್ಯದ ಬ್ಲಾಂಚರ್ಡ್ ಎಂಬ ಸಣ್ಣ ಊರಿಗೆ ಹೋಯಿತು. ಅಲ್ಲಿ ಕಾಡಿನಿಂದ ಮರದ ದಿಮ್ಮಿ ಸಾಗಿಸುವ ರೈಲಿನಲ್ಲಿ ಅಪ್ಪನಿಗೆ ಕೆಲಸ. ಬೆಳೆದ ಮೇಲೆ ಮಗನೂ ರಜೆಯಲ್ಲಿ ಮರ ಕಡಿಯುವ ಕ್ಯಾಂಪುಗಳಲ್ಲಿ ದುಡಿದು ಓದಿನ ಖರ್ಚು ನೋಡಿಕೊಂಡ.

ವಾಷಿಂಗ್ಟನ್ ಸ್ಟೇಟ್ ಕಾಲೇಜಿನಲ್ಲಿ ಅವನು ಆರಿಸಿಕೊಂಡ ವಿಷಯ ಭಾಷಣ ಕಲೆ. ಅಲ್ಲಿ ಇಡಾ ಲೂ ಆಂಡರ್ಸನ್ ಎಂಬ ಮೇಡಂ ಇದ್ದರು. ಚಿಕ್ಕಂದಿನಲ್ಲೇ ಪೋಲಿಯೋ ಆಗಿ ಅವರ ಮೈ ಬಾಗಿತ್ತು. ಮಾತು ಮಾತ್ರ ಗಟ್ಟಿ. ಒಂದೊಂದು ಪದಕ್ಕೂ ತೂಕವಿದೆ, ಎಲ್ಲಿ ನಿಲ್ಲಿಸಬೇಕು ಎಂದು ತಿಳಿದಿರಬೇಕು ಎಂದು ಈ ಹುಡುಗನಿಗೆ ಕಲಿಸಿದವರು ಅವರೇ. ಆ ಪಾಠ ಎಷ್ಟು ದೂರ ಹೋಯಿತು ಎಂಬುದನ್ನು ಮುಂದೆ ನೋಡೋಣ.

1930ರಲ್ಲಿ ಪದವಿ ಮುಗಿಯಿತು. 1932ರಿಂದ ಮರ್ರೋ ಒಂದು ಶಿಕ್ಷಣ ಸಂಸ್ಥೆಯಲ್ಲಿದ್ದರು. ಹಿಟ್ಲರ್ ಅಧಿಕಾರಕ್ಕೆ ಬಂದ ಮೇಲೆ ಜರ್ಮನಿಯ ವಿಶ್ವವಿದ್ಯಾಲಯಗಳಿಂದ ಹೊರಗೆ ಹಾಕಿದ ಪ್ರೊಫೆಸರುಗಳನ್ನು ಅಮೆರಿಕಕ್ಕೆ ಕರೆತಂದು ಕೆಲಸ ಕೊಡಿಸುವ ಸಮಿತಿಯಲ್ಲಿ ಅವರು ದುಡಿದರು. ಒಂದು ದೇಶ ಕೆಡುತ್ತಾ ಹೋದರೆ ಮೊದಲು ಯಾರ ಬಾಯಿ ಮುಚ್ಚಿಸುತ್ತಾರೆ ಎಂಬುದನ್ನು ಅವರು ಅಲ್ಲೇ ಕಂಡರು.

1935ರಲ್ಲಿ ಸಿಬಿಎಸ್ ರೇಡಿಯೋ ಸೇರಿದರು. ಇಲ್ಲಿ ನಮ್ಮ ಕಡೆಯ ಒಂದು ವಿಷಯ ನೆನಪಾಗುತ್ತದೆ. ಅದೇ 1935ರಲ್ಲಿ ಮೈಸೂರಿನಲ್ಲಿ ಪ್ರೊಫೆಸರ್ ಎಂ.ವಿ. ಗೋಪಾಲಸ್ವಾಮಿ ತಮ್ಮ ಮನೆಯಲ್ಲೇ ಒಂದು ಪುಟ್ಟ ರೇಡಿಯೋ ಕೇಂದ್ರ ಶುರು ಮಾಡಿದರು. ಅದಕ್ಕೆ ಇಟ್ಟ ಹೆಸರು 'ಆಕಾಶವಾಣಿ'. ಮುಂದೆ ಇಡೀ ದೇಶದ ರೇಡಿಯೋಗೆ ಅದೇ ಹೆಸರಾಯಿತು. ಗಾಳಿಯಲ್ಲಿ ಮಾತು ಕಳಿಸಬಹುದು ಎಂಬುದೇ ಆಗ ಜನಕ್ಕೆ ಬೆರಗು. ಆ ಮಾತಿನಲ್ಲಿ ಏನಿರಬೇಕು ಎಂಬುದು ಇನ್ನೂ ಯಾರಿಗೂ ಪೂರ್ತಿ ಗೊತ್ತಿರಲಿಲ್ಲ.

ಗಡಿಯಾರ ನೋಡಿ ಮಾತಾಡಿದ ಐದು ಊರು

1937ರಲ್ಲಿ ಸಿಬಿಎಸ್ ಮರ್ರೋ ಅವರನ್ನು ಲಂಡನ್ನಿಗೆ ಕಳಿಸಿತು. ಅಲ್ಲಿಂದ ಯುರೋಪಿನ ಕಾರ್ಯಕ್ರಮ ನೋಡಿಕೊಳ್ಳಬೇಕು. ಸಂಗಡಕ್ಕೆ ಅವರು ಸೇರಿಸಿಕೊಂಡ ವರದಿಗಾರ ವಿಲಿಯಂ ಶೈರರ್. ಇವರು ಭಾರತಕ್ಕೂ ಬಂದವರು. 1930ರ ದಶಕದ ಶುರುವಿನಲ್ಲಿ ಇಲ್ಲಿದ್ದು ಗಾಂಧೀಜಿಯ ಹೋರಾಟವನ್ನು ಅಮೆರಿಕದ ಪತ್ರಿಕೆಗೆ ವರದಿ ಮಾಡಿದ್ದರು.

ಹಿಟ್ಲರ್ ಆಸ್ಟ್ರಿಯಾಕ್ಕೆ ನುಗ್ಗಿದ ದಿನ ಶೈರರ್ ವಿಯೆನ್ನಾದಲ್ಲೇ ಇದ್ದರು, ಮರ್ರೋ ಪೋಲೆಂಡ್‌ನಲ್ಲಿದ್ದರು. ವಿಯೆನ್ನಾ ರೇಡಿಯೋ ಕೇಂದ್ರ ನಾಜಿಗಳ ಕೈಗೆ ಹೋಗಿದ್ದರಿಂದ ಶೈರರ್‌ಗೆ ಅಲ್ಲಿಂದ ಮಾತಾಡಲು ಬಿಡಲಿಲ್ಲ. ಕೂಡಲೇ ಇಬ್ಬರೂ ಜಾಗ ಬದಲಾಯಿಸಿಕೊಂಡರು. ಕಂಡದ್ದನ್ನು ತಡೆಯಿಲ್ಲದೆ ಹೇಳಲು ಶೈರರ್ ಲಂಡನ್ನಿಗೆ ಹಾರಿದರು. ವಿಯೆನ್ನಾ ನೋಡಲು ಮರ್ರೋ ಹೊರಟರು. ಆ ಖಾಲಿ ವಿಮಾನದ ಕಥೆ ಆಗಿನದು.

ಮಾರ್ಚ್ 13ರಂದು ನ್ಯೂಯಾರ್ಕ್ ಕಚೇರಿಯಿಂದ ಅಪ್ಪಣೆ ಬಂತು: ಯುರೋಪಿನ ಬೇರೆ ಬೇರೆ ರಾಜಧಾನಿಗಳಿಂದ ಇವತ್ತು ರಾತ್ರಿಯೇ ಅರ್ಧ ಗಂಟೆಯ ನೇರ ಕಾರ್ಯಕ್ರಮ ಬೇಕು. ಕೈಯಲ್ಲಿದ್ದದ್ದು ಕೆಲವೇ ಗಂಟೆ. ಅವತ್ತು ಭಾನುವಾರ, ಕಚೇರಿಗಳೆಲ್ಲ ಬಂದ್. ಧ್ವನಿ ಹೋಗಬೇಕಿದ್ದದ್ದು ಶಾರ್ಟ್‌ವೇವ್‌ನಲ್ಲಿ, ಸಮುದ್ರ ದಾಟಿ. ಮೊದಲೇ ರೆಕಾರ್ಡ್ ಮಾಡಿ ಹಾಕಲು ಕಂಪನಿ ಒಪ್ಪುತ್ತಿರಲಿಲ್ಲ. ಒಂದು ಊರಿನಲ್ಲಿ ಕೂತವರು ಇನ್ನೊಂದು ಊರಿನವರ ಮಾತು ಕೇಳಿಸಿಕೊಂಡು ಶುರು ಮಾಡುತ್ತೇವೆ ಎನ್ನುವ ಹಾಗೂ ಇರಲಿಲ್ಲ. ಎಲ್ಲರೂ ಗಡಿಯಾರ ನೋಡಿಕೊಂಡು ತಮ್ಮ ನಿಮಿಷ ಬಂದಾಗ ಮಾತು ಶುರು ಮಾಡಬೇಕು, ತಮ್ಮ ನಿಮಿಷ ಮುಗಿದಾಗ ನಿಲ್ಲಿಸಬೇಕು.

ಲಂಡನ್, ಪ್ಯಾರಿಸ್, ಬರ್ಲಿನ್, ವಿಯೆನ್ನಾಗಳಿಂದ ಒಂದಾದ ಮೇಲೊಂದು ದನಿ ಬಂತು. ರೋಮ್‌ನಿಂದ ಲೈನ್ ಸಿಗಲಿಲ್ಲ. ಅಲ್ಲಿನ ವರದಿಯನ್ನು ಫೋನಿನಲ್ಲಿ ತರಿಸಿಕೊಂಡು ಲಂಡನ್ನಿನಿಂದ ಓದಿದರು. ಇವತ್ತು ಟಿವಿಯಲ್ಲಿ ಪರದೆಯನ್ನು ನಾಲ್ಕು ಭಾಗ ಮಾಡಿ ನಾಲ್ಕು ಊರಿನ ವರದಿಗಾರರನ್ನು ತೋರಿಸುತ್ತಾರಲ್ಲ, ಅದರ ಮೂಲ ಆ ರಾತ್ರಿಯ ಅರ್ಧ ಗಂಟೆಯಲ್ಲಿದೆ. ವ್ಯತ್ಯಾಸ ಒಂದೇ. ಅಂದು ಯಾರೂ ಒಬ್ಬರ ಮೇಲೊಬ್ಬರು ಕೂಗಾಡಲಿಲ್ಲ. ಕೂಗಾಡಲು ಅಲ್ಲಿ ಸಮಯವೂ ಇರಲಿಲ್ಲ.

ನೆಲಕ್ಕೆ ಹಿಡಿದ ಮೈಕು

1939ರಲ್ಲಿ ಎರಡನೇ ಮಹಾಯುದ್ಧ ಶುರುವಾಯಿತು. 1940ರ ಸೆಪ್ಟೆಂಬರ್ 7ರಿಂದ ಲಂಡನ್ ಮೇಲೆ ರಾತ್ರಿ ರಾತ್ರಿ ಬಾಂಬು ಬೀಳತೊಡಗಿತು. ಅಮೆರಿಕ ಇನ್ನೂ ಯುದ್ಧಕ್ಕೆ ಇಳಿದಿರಲಿಲ್ಲ. ಅಲ್ಲಿನ ರೈತನಿಗೆ, ಗಿರಣಿ ಕೆಲಸದವನಿಗೆ ಈ ಯುದ್ಧ ದೂರದ ಯಾರದೋ ಜಗಳ.

ಅವರಿಗೆ ಮರ್ರೋ ದಿನಾ ರಾತ್ರಿ ಲಂಡನ್ನಿನಿಂದ ಮಾತಾಡಿದರು. 'ದಿಸ್... ಈಸ್ ಲಂಡನ್' ಎಂದು ಶುರು. ಮೊದಲ ಪದ ಹೇಳಿ ಒಂದು ಕ್ಷಣ ನಿಲ್ಲಿಸುತ್ತಿದ್ದರು. ಹಾಗೆ ನಿಲ್ಲಿಸಲು ಕಾಗದ ಬರೆದು ಸಲಹೆ ಕೊಟ್ಟವರು ಅದೇ ಕಾಲೇಜಿನ ಮೇಡಂ, ಇಡಾ ಲೂ ಆಂಡರ್ಸನ್. ಆ ಒಂದು ಕ್ಷಣದ ಮೌನಕ್ಕೆ ಅಮೆರಿಕದ ಮನೆಗಳಲ್ಲಿ ಜನ ಕೆಲಸ ಬಿಟ್ಟು ರೇಡಿಯೋ ಕಡೆ ತಿರುಗುತ್ತಿದ್ದರು.

ಅವರ ವರದಿಯಲ್ಲಿ ದೊಡ್ಡ ದೊಡ್ಡ ಮಾತು ಇರುತ್ತಿರಲಿಲ್ಲ. ಒಂದು ಉದಾಹರಣೆ ಕೊಡುತ್ತೇವೆ. 1940ರ ಆಗಸ್ಟ್ 24ರ ರಾತ್ರಿ ಲಂಡನ್ನಿನ ಟ್ರಫಾಲ್ಗರ್ ಚೌಕದಲ್ಲಿ ಅವರು ನಿಂತಿದ್ದರು. ವಿಮಾನ ಬರುತ್ತಿದೆ ಎಂದು ಸೈರನ್ ಕೂಗಿತು. ಜನ ನೆಲಮಾಳಿಗೆಯ ಆಸರೆಗೆ ಹೊರಟರು. 'ಲಂಡನ್ ಜನ ಧೈರ್ಯಶಾಲಿಗಳು' ಎಂದು ಮರ್ರೋ ಭಾಷಣ ಬಿಗಿಯಲಿಲ್ಲ. ಮೈಕನ್ನು ಕೆಳಗೆ, ಕಲ್ಲು ಹಾಸಿನ ಹತ್ತಿರ ಹಿಡಿದರು. ಹೆಜ್ಜೆ ಸಪ್ಪಳ ಕೇಳಿಸಿತು. ಯಾರೂ ಓಡುತ್ತಿರಲಿಲ್ಲ, ನಡೆಯುತ್ತಿದ್ದರು. ಕೇಳುವವರಿಗೆ ಅಷ್ಟು ಸಾಕಾಯಿತು.

ಆಮೇಲೆ ಬಾಂಬು ಬೀಳುವ ಹೊತ್ತಿನಲ್ಲೇ ಮನೆ ಛಾವಣಿ ಮೇಲೆ ನಿಂತು ನೇರ ವರದಿ ಮಾಡಲು ಅನುಮತಿ ಕೇಳಿದರು. ಬಾಯಿ ತಪ್ಪಿ ಶತ್ರುವಿಗೆ ಉಪಯೋಗವಾಗುವ ಮಾತು ಬಂದರೆ ಎಂದು ಅಧಿಕಾರಿಗಳಿಗೆ ಹೆದರಿಕೆ. ಮೊದಲು ಪರೀಕ್ಷೆಗೆಂದು ರೆಕಾರ್ಡ್ ಮಾಡಿ ತೋರಿಸಿದರು. ಅನುಮತಿ ಸಿಕ್ಕಿತು. ಛಾವಣಿ ಮೇಲಿಂದ ಕಂಡ ಬೆಂಕಿ, ಬೆಳಕು, ಪಕ್ಕದ ಬೀದಿಯ ಸದ್ದು, ಇಷ್ಟನ್ನೇ ಹೇಳಿದರು. ಅದೇ ದಾಳಿಗಳಲ್ಲಿ ಅವರ ಕಚೇರಿಯೂ ಒಂದಕ್ಕಿಂತ ಹೆಚ್ಚು ಸಲ ಹಾಳಾಯಿತು.

1943ರ ಡಿಸೆಂಬರ್‌ನಲ್ಲಿ ಬ್ರಿಟಿಷ್ ಬಾಂಬರ್ ವಿಮಾನದಲ್ಲಿ ಕೂತು ಬರ್ಲಿನ್ ಮೇಲೆ ನಡೆದ ದಾಳಿಯನ್ನು ನೋಡಿ ಬಂದರು. ಆ ರಾತ್ರಿ ಬೇರೆ ಬೇರೆ ವಿಮಾನಗಳಲ್ಲಿ ಹೋದ ಪತ್ರಕರ್ತರಲ್ಲಿ ಇಬ್ಬರು ಸತ್ತರು, ಒಬ್ಬರು ಜರ್ಮನರಿಗೆ ಸೆರೆ ಸಿಕ್ಕರು. ಕಂಪನಿಯವರು ಬೇಡ ಎಂದರೂ ಮರ್ರೋ ಇಂಥ 20ಕ್ಕೂ ಹೆಚ್ಚು ಹಾರಾಟಗಳಿಗೆ ಹೋಗಿದ್ದರು.

1945ರ ಏಪ್ರಿಲ್‌ನಲ್ಲಿ ಅವರು ಬುಕೆನ್‌ವಾಲ್ಡ್ ತಲುಪಿದರು. ಅದು ನಾಜಿಗಳು ಜನರನ್ನು ಕೂಡಿಹಾಕಿ ಕೊಲ್ಲುತ್ತಿದ್ದ ಶಿಬಿರ. ಸೌದೆ ಜೋಡಿಸಿದ ಹಾಗೆ ಜೋಡಿಸಿದ್ದ ಹೆಣಗಳು. ತೋಳಿನ ಮೇಲೆ ಹಚ್ಚೆ ಹಾಕಿದ ನಂಬರನ್ನು ತೋರಿಸಿದ ಮಕ್ಕಳು. ಬಂದವರನ್ನು ಕಂಡು ಚಪ್ಪಾಳೆ ತಟ್ಟಲು ನೋಡಿದ ಗಂಡಸರು, ಕೈಯಲ್ಲಿ ಶಕ್ತಿ ಇಲ್ಲದೆ ಹಸುಗೂಸು ಕೈ ಬಡಿದಷ್ಟೇ ಸದ್ದು. ಮರ್ರೋ ಕೂಡಲೇ ಮೈಕಿನ ಮುಂದೆ ಕೂರಲಿಲ್ಲ. ಮೂರು ದಿನ ಬಿಟ್ಟು, ಏಪ್ರಿಲ್ 15ರಂದು ಇದನ್ನೆಲ್ಲ ಹೇಳಿದರು. ನಾನು ಹೇಳಿದ್ದನ್ನು ದಯವಿಟ್ಟು ನಂಬಿ ಎಂದು ಕೇಳುಗರನ್ನು ಬೇಡಿಕೊಂಡರು. ಅಷ್ಟು ವರ್ಷ ಉತ್ಪ್ರೇಕ್ಷೆ ಮಾಡದೆ ಮಾತಾಡಿದ್ದರಿಂದಲೇ ಆ ದಿನ ಜನ ಅವರನ್ನು ನಂಬಿದರು. ದಿನಾ 'ಬೆಚ್ಚಿ ಬೀಳಿಸುವ ಸುದ್ದಿ' ಎಂದು ಕೂಗುವವರಿಗೆ ನಿಜವಾಗಿ ಬೆಚ್ಚಿ ಬೀಳಿಸುವ ಸುದ್ದಿ ಬಂದ ದಿನ ಹೇಳಲು ಮಾತೇ ಉಳಿದಿರುವುದಿಲ್ಲ.

ಮುಚ್ಚಿದ ಲಕೋಟೆ

ಯುದ್ಧ ಮುಗಿದ ಮೇಲೆ ಟಿವಿ ಬಂತು. 1951ರ ನವೆಂಬರ್‌ನಲ್ಲಿ ಮರ್ರೋ ಮತ್ತು ಫ್ರೆಡ್ ಫ್ರೆಂಡ್ಲಿ ಸೇರಿ 'ಸೀ ಇಟ್ ನೌ' ಎಂಬ ವಾರದ ಕಾರ್ಯಕ್ರಮ ಶುರು ಮಾಡಿದರು.

ಆಗ ಅಮೆರಿಕದಲ್ಲಿ ಒಂದು ಭಯ ಹರಡಿತ್ತು. ಯಾರನ್ನು ಬೇಕಾದರೂ 'ಕಮ್ಯುನಿಸ್ಟ್, ದೇಶದ್ರೋಹಿ' ಎಂದುಬಿಟ್ಟರೆ ಮುಗಿಯಿತು, ಕೆಲಸ ಹೋಗುತ್ತಿತ್ತು. ಈ ಭಯವನ್ನು ಹೆಚ್ಚು ಬಳಸಿಕೊಂಡವರು ಜೋಸೆಫ್ ಮೆಕಾರ್ಥಿ ಎಂಬ ಸೆನೆಟರ್.

1953ರಲ್ಲಿ ಮಿಶಿಗನ್ ರಾಜ್ಯದ ಮೈಲೋ ರಾಡುಲೋವಿಚ್ ಎಂಬ ವಾಯುಪಡೆ ಲೆಫ್ಟಿನೆಂಟ್‌ನ ಹುದ್ದೆ ಕಿತ್ತುಕೊಳ್ಳಲು ಹೊರಟರು. ಅವನ ಮೇಲೆ ಯಾವ ದೂರೂ ಇರಲಿಲ್ಲ. ಅವನ ಅಪ್ಪ ಮತ್ತು ಸಹೋದರಿಯ ಒಲವು ಸರಿಯಿಲ್ಲ ಎಂಬುದೇ ಆರೋಪ. ಅಪ್ಪ ಹೊರದೇಶದಿಂದ ಬಂದು ಮೋಟಾರು ಕಾರ್ಖಾನೆಯಲ್ಲಿ ದುಡಿದವರು, ತಮ್ಮ ನುಡಿಯ ಪತ್ರಿಕೆ ಓದುತ್ತಿದ್ದರು. ವಿಚಾರಣೆಯಲ್ಲಿ ಸಾಕ್ಷಿ ಎಂದು ಒಂದು ಮುಚ್ಚಿದ ಲಕೋಟೆ ಇಟ್ಟಿದ್ದರು. ಅದರೊಳಗೆ ಏನಿದೆ ಎಂದು ಆ ಲೆಫ್ಟಿನೆಂಟ್‌ಗಾಗಲಿ ಅವನ ವಕೀಲರಿಗಾಗಲಿ ತೋರಿಸಲಿಲ್ಲ.

ಮರ್ರೋ ತಂಡ ಆ ಊರಿಗೆ ಹೋಗಿ ಮನೆಯವರನ್ನು, ನೆರೆಹೊರೆಯವರನ್ನು ಮಾತಾಡಿಸಿತು. ಕಂಪನಿ ಇದಕ್ಕೆ ಪತ್ರಿಕೆಯಲ್ಲಿ ಜಾಹೀರಾತು ಕೊಡಲು ಒಪ್ಪಲಿಲ್ಲ. ಮರ್ರೋ ಮತ್ತು ಫ್ರೆಂಡ್ಲಿ ಸ್ವಂತ ಜೇಬಿನಿಂದ 1500 ಡಾಲರ್ ಹಾಕಿ ಜಾಹೀರಾತು ಕೊಟ್ಟರು. ಅಕ್ಟೋಬರ್ 20ರಂದು ಕಾರ್ಯಕ್ರಮ ಬಂತು. ಐದು ವಾರದಲ್ಲಿ ವಾಯುಪಡೆಯ ಕಾರ್ಯದರ್ಶಿ ಅದೇ ಕಾರ್ಯಕ್ರಮದಲ್ಲಿ ಕಾಣಿಸಿಕೊಂಡು, ಲೆಫ್ಟಿನೆಂಟ್‌ನನ್ನು ಉಳಿಸಿಕೊಳ್ಳುತ್ತೇವೆ ಎಂದರು.

1954ರ ಮಾರ್ಚ್ 9ರಂದು ಮೆಕಾರ್ಥಿಯವರ ಬಗ್ಗೆಯೇ ಕಾರ್ಯಕ್ರಮ ಮಾಡಿದರು. ಬೈಗುಳ ಇರಲಿಲ್ಲ. ಮೆಕಾರ್ಥಿ ಬೇರೆ ಬೇರೆ ಕಡೆ ಆಡಿದ ಮಾತಿನ ಫಿಲಂ ತೋರಿಸುವುದು, ನಿಜಾಂಶ ಏನು ಎಂದು ಪಕ್ಕದಲ್ಲಿಡುವುದು, ಇಷ್ಟೇ. ಆರೋಪ ಮಾಡಿದ ಮಾತ್ರಕ್ಕೆ ಸಾಬೀತಾದಂತಲ್ಲ, ಭಿನ್ನ ಅಭಿಪ್ರಾಯ ದೇಶದ್ರೋಹವಲ್ಲ ಎಂಬ ಅರ್ಥದಲ್ಲಿ ಮುಗಿಸಿದರು. ಉತ್ತರ ಕೊಡಲು ಮೆಕಾರ್ಥಿಯವರಿಗೂ ಅದೇ ಕಾರ್ಯಕ್ರಮದಲ್ಲಿ ಅವಕಾಶ ಸಿಕ್ಕಿತು. ಅವರು ಮರ್ರೋ ಮೇಲೇ ಆರೋಪ ಹೊರಿಸಿದರು. ಜನರಿಂದ ಬಂದ ಪತ್ರಗಳಲ್ಲಿ ಬಹುಪಾಲು ಮರ್ರೋ ಪರ ಇದ್ದವು. ಆ ಡಿಸೆಂಬರ್‌ನಲ್ಲಿ ಸೆನೆಟ್ 67-22 ಮತಗಳಿಂದ ಮೆಕಾರ್ಥಿ ವಿರುದ್ಧ ಖಂಡನಾ ನಿರ್ಣಯ ಮಾಡಿತು.

ಇದನ್ನು ಮರ್ರೋ ಒಬ್ಬರ ಗೆಲುವು ಎಂದು ಹೇಳಿದರೆ ತಪ್ಪಾಗುತ್ತದೆ. ಅವರಿಗಿಂತ ಮೊದಲೇ ಮೆಕಾರ್ಥಿ ವಿರುದ್ಧ ಬರೆದ ಪತ್ರಕರ್ತರಿದ್ದರು. ಆದರೆ ಓದದವರ ಮನೆಗೂ ವಿಷಯ ತಲುಪಿದ್ದು ಟಿವಿಯಿಂದ. ಅದಕ್ಕೆ ಬೆಲೆಯೂ ತೆರಬೇಕಾಯಿತು. 1955ರಲ್ಲಿ ಕಾರ್ಯಕ್ರಮದ ಪ್ರಾಯೋಜಕರು ಕೈಬಿಟ್ಟರು, ವಾರದ ಜಾಗ ಹೋಯಿತು, 1958ರಲ್ಲಿ 'ಸೀ ಇಟ್ ನೌ' ನಿಂತೇ ಹೋಯಿತು. ಅದೇ ಕಾಲದಲ್ಲಿ ಸಿನಿಮಾ ತಾರೆಯರ ಮನೆ ತೋರಿಸುವ ಇನ್ನೊಂದು ಕಾರ್ಯಕ್ರಮವನ್ನೂ ಮರ್ರೋ ನಡೆಸುತ್ತಿದ್ದರು. ಜನಪ್ರಿಯವಾಗಿ ಹಣ ತಂದದ್ದು ಅದು. 1958ರ ಅಕ್ಟೋಬರ್‌ನಲ್ಲಿ ಶಿಕಾಗೋದಲ್ಲಿ ತಮ್ಮದೇ ವೃತ್ತಿಯವರ ಮುಂದೆ ಅವರು ಕಟುವಾಗಿ ಮಾತಾಡಿದರು. ಕಲಿಸಲು, ಎಚ್ಚರಿಸಲು ಬಳಸದಿದ್ದರೆ ಟಿವಿ ಅನ್ನುವುದು ಬರೀ ವೈರು ಬಲ್ಬು ತುಂಬಿದ ಡಬ್ಬಿ ಎಂಬುದು ಆ ಮಾತಿನ ಸಾರ. ಕಂಪನಿಯ ದೊಡ್ಡವರಿಗೆ ಅದು ಹಿಡಿಸಲಿಲ್ಲ.

ಗುಳೆ ಹೋದವರ ಕಥೆ

ನಾವು ಈ ಲೇಖನ ಬರೆಯಲು ಮುಖ್ಯ ಕಾರಣ ಇಲ್ಲಿದೆ.

ರಾಯಚೂರು, ಯಾದಗಿರಿ, ಕಲಬುರಗಿ ಕಡೆಯವರಿಗೆ 'ಗುಳೆ' ಎಂಬ ಪದ ಬಿಡಿಸಿ ಹೇಳಬೇಕಿಲ್ಲ. ಮೇಸ್ತ್ರಿ ಬರುತ್ತಾನೆ, ಜನ ಸೇರಿಸುತ್ತಾನೆ, ಮಕ್ಕಳು ಮರಿ ಕಟ್ಟಿಕೊಂಡು ಸಂಸಾರ ಲಾರಿ ಹತ್ತುತ್ತದೆ. ಜಗತ್ತಿನ ಅತಿ ಶ್ರೀಮಂತ ದೇಶವಾದ ಅಮೆರಿಕದಲ್ಲೂ ಹೀಗೆ ಗುಳೆ ಹೋಗುವವರಿದ್ದರು. ಫ್ಲೋರಿಡಾದಲ್ಲಿ ಹುರುಳಿಕಾಯಿ ಬಿಡಿಸಿ ಮುಗಿದ ಮೇಲೆ ಉತ್ತರಕ್ಕೆ, ಬೆಳೆ ಬಂದ ಕಡೆಗೆಲ್ಲ ಹೋಗುತ್ತಿದ್ದರು.

ಅವರ ಬದುಕಿನ ಮೇಲೆ ಸಿಬಿಎಸ್ ಮಾಡಿದ ಸಾಕ್ಷ್ಯಚಿತ್ರ 'ಹಾರ್ವೆಸ್ಟ್ ಆಫ್ ಶೇಮ್'. ಅಂದರೆ, ನಾಚಿಕೆಗೇಡಿನ ಸುಗ್ಗಿ. ತಿಂಗಳುಗಟ್ಟಲೆ ಕೂಲಿಗಳ ಜೊತೆ ಓಡಾಡಿ ಚಿತ್ರೀಕರಿಸಿದವರು ಡೇವಿಡ್ ಲೋ. ದನಿ ಕೊಟ್ಟವರು, ಮುಖ ತೋರಿಸಿದವರು ಮರ್ರೋ. ಪ್ರಸಾರಕ್ಕೆ ಆರಿಸಿದ ದಿನ 1960ರ ನವೆಂಬರ್ 25. ಅದರ ಹಿಂದಿನ ದಿನ ಅಮೆರಿಕನ್ನರು 'ಥ್ಯಾಂಕ್ಸ್‌ಗಿವಿಂಗ್' ಆಚರಿಸುತ್ತಾರೆ. ಅದು ಸುಗ್ಗಿಗೆ ಕೃತಜ್ಞತೆ ಹೇಳಿ ಮನೆಮಂದಿಯೆಲ್ಲ ಹೊಟ್ಟೆ ತುಂಬ ಉಣ್ಣುವ ಹಬ್ಬ. ಹಬ್ಬದೂಟ ಅರಗುವ ಮುಂಚೆಯೇ, ಆ ಊಟ ಯಾರ ಕೈಯಿಂದ ಬಂತು ಎಂದು ಟಿವಿ ತೋರಿಸಿತು.

ಬೆಳಗಿನ ಜಾವ ಕೂಲಿಗೆ ಕೂಗಿ ಕರೆಯುವ ಗುಂಪು. ಲಾರಿಗೆ ಹತ್ತುವ ಜನ. ಇಡೀ ದಿನ ದುಡಿದು ಒಂದು ಡಾಲರ್ ಸಿಕ್ಕಿತು ಎನ್ನುವ ತಾಯಿ. ಅಪ್ಪ ಅಮ್ಮ ಹೊಲಕ್ಕೆ ಹೋದಾಗ ಪುಟ್ಟ ತಂಗಿಯರನ್ನು ನೋಡಿಕೊಳ್ಳುವ ಒಂಬತ್ತು ವರ್ಷದ ಹುಡುಗ. ಅವರ ಹಾಸಿಗೆಯಲ್ಲಿ ಇಲಿ ಕೊರೆದ ತೂತು. ಇನ್ನೊಂದು ವಿಷಯವನ್ನೂ ಮರ್ರೋ ಹೇಳಿದರು. ದನಗಳನ್ನು ಸಾಗಿಸುವಾಗ 28 ಗಂಟೆಗೊಮ್ಮೆ ಇಳಿಸಿ ನೀರು, ಮೇವು, ವಿಶ್ರಾಂತಿ ಕೊಡಬೇಕು ಎಂದು ಆ ದೇಶದಲ್ಲಿ ಕಾನೂನಿತ್ತು. ಈ ಜನರನ್ನು ಸಾಗಿಸುವಾಗ ಅಂಥ ಕಾಳಜಿ ಇರಲಿಲ್ಲ. ಹಿಂದೆ ಗುಲಾಮರನ್ನು ಕೊಳ್ಳುತ್ತಿದ್ದೆವು, ಈಗ ಬಾಡಿಗೆಗೆ ಹಿಡಿಯುತ್ತೇವೆ ಎಂಬರ್ಥದ ಒಬ್ಬ ಜಮೀನ್ದಾರನ ಮಾತೂ ಅದರಲ್ಲಿತ್ತು.

ಕೊನೆಯಲ್ಲಿ ಮರ್ರೋ ನೇರವಾಗಿ ನೋಡುಗರಿಗೇ ಹೇಳಿದರು: ಇವರಿಗೆ ಕಾನೂನು ಬದಲಿಸುವ ಶಕ್ತಿ ಇಲ್ಲ, ನಮಗೆ ಇದ್ದರೂ ಇರಬಹುದು.

ದೊಡ್ಡ ಜಮೀನ್ದಾರರು ಸಿಟ್ಟಾದರು. ಚಿತ್ರ ಏಕಪಕ್ಷೀಯ ಎಂದರು. 1962ರಲ್ಲಿ ವಲಸೆ ಕೂಲಿಗಳ ಆರೋಗ್ಯ ಸೇವೆಗೆ ಒಂದು ಕಾನೂನು ಬಂತು. ಆದರೆ ಹತ್ತು ವರ್ಷದ ನಂತರ ಎನ್‌ಬಿಸಿ ಎಂಬ ಇನ್ನೊಂದು ಟಿವಿ ಕಂಪನಿ ಅದೇ ಫ್ಲೋರಿಡಾಕ್ಕೆ ಹೋದಾಗ ಕಷ್ಟಗಳು ಬಹಳ ಮಟ್ಟಿಗೆ ಹಾಗೆಯೇ ಇದ್ದವು. ಒಂದು ಚಿತ್ರದಿಂದ ಊರು ಉದ್ಧಾರವಾಗುವುದಿಲ್ಲ. ಆದರೆ ಚಿತ್ರ ಬಂದ ಮೇಲೆ 'ನಮಗೆ ಗೊತ್ತಿರಲಿಲ್ಲ' ಎಂದು ಹೇಳುವ ಅವಕಾಶ ಯಾರಿಗೂ ಉಳಿಯುವುದಿಲ್ಲ.

ಕುರ್ಚಿ ಬದಲಾದಾಗ

1961ರಲ್ಲಿ ಅಧ್ಯಕ್ಷ ಕೆನೆಡಿ ಮರ್ರೋ ಅವರನ್ನು ಅಮೆರಿಕದ ಮಾತನ್ನು ಹೊರದೇಶಗಳಿಗೆ ತಲುಪಿಸುವ ಸರ್ಕಾರಿ ಇಲಾಖೆಯ ಮುಖ್ಯಸ್ಥರನ್ನಾಗಿ ಮಾಡಿದರು. ಅದೇ ಹೊತ್ತಿಗೆ ಬ್ರಿಟನ್ನಿನ ಬಿಬಿಸಿ 'ಹಾರ್ವೆಸ್ಟ್ ಆಫ್ ಶೇಮ್' ಪ್ರಸಾರ ಮಾಡಲು ಹೊರಟಿತು. ಮರ್ರೋ ಬಿಬಿಸಿ ಮುಖ್ಯಸ್ಥರಿಗೆ ಫೋನ್ ಮಾಡಿ ಅದನ್ನು ಹಾಕಬೇಡಿ ಎಂದು ಕೇಳಿಕೊಂಡರು. ತಾವೇ ದನಿ ಕೊಟ್ಟ, ತಾವೇ ಹೆಮ್ಮೆ ಪಟ್ಟ ಚಿತ್ರ. ಆದರೆ ಈಗ ಅವರ ಕೆಲಸ ದೇಶದ ಹೆಸರು ಕಾಪಾಡುವುದು. ಬಿಬಿಸಿ ಒಪ್ಪಲಿಲ್ಲ, ಚಿತ್ರ ಹಾಕಿತು. ವಿಷಯ ಹೊರಗೆ ಬಂದು ಮರ್ರೋ ಮುಜುಗರ ಪಟ್ಟರು.

ಅವರನ್ನು ಮೆಚ್ಚಿ ಬರೆಯುವ ಕೆಲವರು ಈ ಘಟನೆಯನ್ನು ಬಿಟ್ಟುಬಿಡುತ್ತಾರೆ. ನಾವು ಬಿಡುವುದಿಲ್ಲ. ಬಾಂಬಿಗೆ, ಸೆನೆಟರ್‌ಗೆ, ಜಮೀನ್ದಾರರಿಗೆ ಹೆದರದ ಮನುಷ್ಯ ಅವರು. ಹಿಡಿದ ಮೈಕು ಕೆಳಗಿಟ್ಟು ಅಧಿಕಾರದ ಕುರ್ಚಿಯಲ್ಲಿ ಕೂತಾಗ ಅವರಂಥವರೂ ಕಂಡದ್ದನ್ನು ಮುಚ್ಚಿಡಲು ನೋಡಿದರು. ಹಾಗಾಗಿ ಸುದ್ದಿ ಕೇಳುವಾಗ ಹೇಳುವವರ ಹೆಸರು ಎಷ್ಟು ದೊಡ್ಡದು ಎಂಬುದಕ್ಕಿಂತ ಬೇರೆ ಮೂರು ಪ್ರಶ್ನೆ ಮುಖ್ಯ. ಇವರು ಆ ಜಾಗಕ್ಕೆ ಹೋಗಿದ್ದಾರೆಯೇ? ಕಣ್ಣಾರೆ ಕಂಡದ್ದು ಯಾವುದು, ಕೇಳಿದ್ದು ಯಾವುದು ಎಂದು ಬೇರೆ ಮಾಡಿ ಹೇಳುತ್ತಿದ್ದಾರೆಯೇ? ಈಗ ಯಾರ ಕುರ್ಚಿಯಲ್ಲಿ ಕೂತು ಮಾತಾಡುತ್ತಿದ್ದಾರೆ? ನಾವು ಬರೆಯುವುದಕ್ಕೂ ನೀವು ಇದೇ ಪ್ರಶ್ನೆಗಳನ್ನು ಹಾಕಬೇಕು.

ಮರ್ರೋ ವಿಪರೀತ ಸಿಗರೇಟು ಸೇದುತ್ತಿದ್ದರು. ಸಿಗರೇಟಿಗೂ ಶ್ವಾಸಕೋಶದ ಕ್ಯಾನ್ಸರಿಗೂ ಇರುವ ನಂಟಿನ ಬಗ್ಗೆ 1955ರಲ್ಲೇ ಅವರ ಕಾರ್ಯಕ್ರಮ ತೋರಿಸಿತ್ತು. ಆದರೂ ಬಿಡಲಾಗಲಿಲ್ಲ. 1963ರಲ್ಲಿ ಅದೇ ಕಾಯಿಲೆಗೆ ಒಂದು ಶ್ವಾಸಕೋಶ ತೆಗೆದರು. 1964ರ ಜನವರಿಯಲ್ಲಿ ಸರ್ಕಾರದ ಹುದ್ದೆ ಬಿಟ್ಟರು. 1965ರ ಏಪ್ರಿಲ್ 27ರಂದು, 57 ತುಂಬಿ ಎರಡೇ ದಿನಕ್ಕೆ, ನ್ಯೂಯಾರ್ಕ್ ರಾಜ್ಯದ ಪಾಲಿಂಗ್ ಎಂಬಲ್ಲಿದ್ದ ತಮ್ಮ ಹೊಲದ ಮನೆಯಲ್ಲಿ ತೀರಿಕೊಂಡರು. ಅವರ ಬೂದಿಯನ್ನು ಆ ಹೊಲದಲ್ಲೇ ಚೆಲ್ಲಿದರು.